ಉಬಿಯಲ್ಲಿ ಕಲಿತವಳು

ಅವಳು ನಮ್ಮ ಆಫೀಸಿಗೆ ಸೇರಿದ ಹೊಸದರಲ್ಲಿ ನನ್ನನ್ನು ‘ಸರ್’ ಎನ್ನುತ್ತಿದ್ದಳು. ಕೆಲವು ವಾರ ಕಳೆದ ಮೇಲೆ ಒಂದು ದಿನ ಇದ್ದಕ್ಕಿದ್ದಂತೆ ‘ಅಬಿ’ ಎಂದಳು. ಹಾಗೆಂದರೇನು ಎಂದು ಕೇಳಿದೆ.

“ಟರ್ಕಿ ಭಾಷೇಲಿ ಅಣ್ಣ ಅಂತ. ತುಂಬಾ ಖುಷಿಪಡಬೇಡಿ, ನಮ್ಮಲ್ಲಿ ಟ್ಯಾಕ್ಸಿಯವನಿಗೂ ಅಬಿ, ತರಕಾರಿಯವನಿಗೂ ಅಬಿ.”

ನಮ್ಮಿಬ್ಬರ ಮಾತು ನಡೆಯುತ್ತಿದ್ದದ್ದು ಇಂಗ್ಲಿಷಿನಲ್ಲಿ. ಆದರೆ ನೆನಪಿಗೆ ಬರುವಾಗ ಅವಳು ಕನ್ನಡದಲ್ಲೇ ಮಾತಾಡಿದಂತೆ ಬರುತ್ತಾಳೆ; ಹಾಗೇ ಬರೆಯುತ್ತೇನೆ.

ಆಫೀಸು ಇದ್ದದ್ದು ಸಿಂಗಾಪುರದ ಉಬಿಯಲ್ಲಿ. ಕೆಳಗೆಲ್ಲ ಕಾರು ರಿಪೇರಿಯ ವರ್ಕ್‌ಶಾಪುಗಳು. ಮೇಲಿನ ಮಹಡಿಯಲ್ಲಿ ಕಿಟಕಿ ಮುಚ್ಚಿಕೊಂಡು ನಾವು ಬೇರೆ ಬೇರೆ ದೇಶದ ಸೀರಿಯಲ್ಲುಗಳಿಗೆ ಇಂಗ್ಲಿಷ್ ಸಬ್‌ಟೈಟಲ್ ಹಾಕುತ್ತಿದ್ದೆವು. ಕಿಟಕಿ ಮುಚ್ಚಿದರೂ ಬಣ್ಣದ ವಾಸನೆ, ತಗಡು ಬಡಿಯುವ ಸದ್ದು ಒಳಗೆ ಬರುತ್ತಲೇ ಇತ್ತು. ನಾಯಕಿ ಅಳುವ ದೃಶ್ಯಕ್ಕೂ ಅದೇ ಹಿನ್ನೆಲೆ, ಮದುವೆಯ ದೃಶ್ಯಕ್ಕೂ ಅದೇ.

ನನ್ನ ಬಗ್ಗೆ ಎರಡು ಮಾತು ಹೇಳಬೇಕು. ಸಿಂಗಾಪುರಕ್ಕೆ ಬರುವ ಮುಂಚೆ ನಾನು ಬೆಂಗಳೂರಿನಲ್ಲಿ ಟೀವಿ ಧಾರಾವಾಹಿಗಳಿಗೆ ಸಂಭಾಷಣೆ ಬರೆಯುತ್ತಿದ್ದೆ. ವಾರವಿಡೀ ಪ್ರಸಾರವಾಗುವ ಧಾರಾವಾಹಿ. ಬೆಳಿಗ್ಗೆ ಬರೆದದ್ದನ್ನು ಮಧ್ಯಾಹ್ನ ಶೂಟ್ ಮಾಡುತ್ತಿದ್ದರು. ಬೀದಿಯಲ್ಲಿ ಹೋಗುವಾಗ ಯಾರದೋ ಮನೆಯ ಟೀವಿಯಿಂದ ನನ್ನ ಮಾತು ಕೇಳಿಸಿದರೆ ನಿಂತು ಪೂರ್ತಿ ಕೇಳಿ ಮುಂದೆ ಹೋಗುತ್ತಿದ್ದೆ. ಹೆಂಡತಿಯ ಬ್ಯಾಂಕು ಅವಳನ್ನು ಇಲ್ಲಿನ ಚಾಂಗಿ ಬಿಸಿನೆಸ್ ಪಾರ್ಕಿಗೆ ಶಿಫ್ಟ್ ಮಾಡಿದಾಗ ನಾನೂ ಮಗಳೂ ಅವಳ ಜೊತೆ ಬಂದೆವು. ಇಲ್ಲಿ ಕನ್ನಡ ಸಂಭಾಷಣೆ ಯಾರಿಗೂ ಬೇಕಿರಲಿಲ್ಲ. ಸಬ್‌ಟೈಟಲ್ ಕೆಲಸ ಸಿಕ್ಕಿತು. ಬಿಡುವಾದಾಗ ಒಂದು ಸಿನಿಮಾ ಬರೆಯುತ್ತಿದ್ದೇನೆ ಎಂದು ಎಲ್ಲರಿಗೂ ಹೇಳಿದ್ದೆ. ಆ ಚಿತ್ರಕಥೆ ಮಧ್ಯಂತರದವರೆಗೆ ಬಂದು ಅಲ್ಲೇ ಕೂತಿತ್ತು.

ನಮ್ಮ ಟರ್ಕಿಯವಳು ಓದಿದ್ದು ಫಾರ್ಮಸಿ. ಗಂಡನಿಗೆ ಇಲ್ಲಿನ ಹಡಗು ಕಂಪನಿಯೊಂದರಲ್ಲಿ ಕೆಲಸ. ಸುಮ್ಮನೆ ಮನೆಯಲ್ಲಿ ಕೂರಲಾಗದೆ, ಟರ್ಕಿಯ ಸೀರಿಯಲ್ಲುಗಳನ್ನು ಇಂಗ್ಲಿಷಿಗೆ ಮಾಡಲು ನಮ್ಮಲ್ಲಿ ಸೇರಿದ್ದಳು. ಮೊದಮೊದಲು ಅವಳ ಸಾಲುಗಳು ಪರದೆಯ ತುಂಬ ಹರಡಿಕೊಳ್ಳುತ್ತಿದ್ದವು. ಸಬ್‌ಟೈಟಲ್ಲಿಗೆ ಒಂದು ಸಲಕ್ಕೆ ಎರಡೇ ಸಾಲು. ಅದಕ್ಕಿಂತ ಹೆಚ್ಚಾದರೆ ನೋಡುವವರು ಓದುತ್ತಾ ಕೂರುತ್ತಾರೆ, ನಟಿಯ ಮುಖ ತಪ್ಪಿಹೋಗುತ್ತದೆ. ಅದನ್ನು ನಾನೇ ಅವಳಿಗೆ ಹೇಳಿಕೊಟ್ಟೆ. ಬೇಗ ಕಲಿತಳು.

ಮಧ್ಯಾಹ್ನ ಹತ್ತಿರದ ಹಾಕರ್ ಸೆಂಟರಿನ ಊಟದಂಗಡಿಗಳ ಮುಂದೆ ಒಟ್ಟಿಗೆ ಕೂರುತ್ತಿದ್ದೆವು. ಅವಳಿಗೆ ಕೊಪಿ ಎನ್ನುವ ಇಲ್ಲಿನ ಕಾಫಿ, ನನಗೆ ತೆಹ್ ಎನ್ನುವ ಚಹಾ. ಒಂದು ದಿನ ಅವಳು ಕೆಲವು ಹಾಳೆ ಮುಂದಿಟ್ಟು, “ನಗಬೇಡಿ ಅಬಿ,” ಎಂದಳು. ಅವಳು ಇಂಗ್ಲಿಷಿನಲ್ಲೇ ಬರೆದ ಒಂದು ದೃಶ್ಯ. ಗಂಡನಿಗೆ ಇನ್ನೊಬ್ಬಳಿದ್ದಾಳೆ ಎಂದು ಹೆಂಡತಿಗೆ ಗೊತ್ತಾಗುತ್ತದೆ, ಅವಳು ಅಳುತ್ತಾಳೆ, ಮನಸ್ಸಿನಲ್ಲಿದ್ದದ್ದನ್ನೆಲ್ಲ ಒಂದು ಪುಟ ಹೇಳುತ್ತಾಳೆ.

ನಾನು ಓದಿ, “ಅಳೋದಕ್ಕೆ ಮುಂಚೆ ಇವಳು ಏನು ಮಾಡ್ತಾಳೆ?” ಎಂದು ಕೇಳಿದೆ.

“ಏನೂ ಮಾಡಲ್ಲ. ಅಳ್ತಾಳೆ.”

“ಕೈಯಲ್ಲಿ ಏನಿದೆ?”

ಯೋಚಿಸಿದಳು. “ಗಂಡನ ಶರ್ಟು. ಗುಂಡಿ ಹೊಲಿತಾ ಇದ್ದಾಳೆ.”

“ಹಾಗಾದ್ರೆ ಹೊಲಿದು ಮುಗಿಸಲಿ. ಆಮೇಲೆ ನೋಡೋಣ, ಅಳಬೇಕಾ ಅಂತ.”

ಅವಳು ಬಹಳ ಹೊತ್ತು ನನ್ನನ್ನೇ ನೋಡಿದಳು. ಆ ನೋಟ ನನಗೆ ಎಷ್ಟು ಹಿತವಾಗಿತ್ತೆಂದರೆ, ಆಮೇಲೆ ಹಲವು ತಿಂಗಳು ನಾನು ಅದಕ್ಕಾಗಿಯೇ ಊಟಕ್ಕೆ ಹೋಗುತ್ತಿದ್ದೆ ಎನ್ನಬೇಕು. ಬೆಂಗಳೂರು ಬಿಟ್ಟ ಮೇಲೆ ನನ್ನನ್ನು ಯಾರೂ ಹಾಗೆ ನೋಡಿರಲಿಲ್ಲ. ಅವಳು ಬರೆದು ತರುತ್ತಿದ್ದಳು, ನಾನು ಪ್ರಶ್ನೆ ಕೇಳುತ್ತಿದ್ದೆ. ನಡುವೆ ನನ್ನ ಕಥೆಗಳನ್ನೂ ಹೇಳುತ್ತಿದ್ದೆ. ದಾವಣಗೆರೆಯಲ್ಲಿದ್ದ ನನ್ನ ಸೋದರತ್ತೆಯ ಕಥೆ ಅವಳಿಗೆ ಬಹಳ ಇಷ್ಟ. ಅತ್ತೆ ತನ್ನ ಗಂಡನ ಜೊತೆ ಮಾತು ಬಿಟ್ಟಿದ್ದಳು. ವರ್ಷಗಟ್ಟಲೆ ಒಂದೇ ಮನೆಯಲ್ಲಿದ್ದುಕೊಂಡು ಬೆಕ್ಕಿನ ಮೂಲಕವೇ ವ್ಯವಹಾರ. “ಬೆಕ್ಕೇ, ಊಟಕ್ಕೆ ಹಾಕಿದೀನಿ ಅಂತ ಹೇಳು.” ಮಾವ ಬೆಕ್ಕಿಗೆ ಉತ್ತರ ಕೊಡುತ್ತಿದ್ದರು, “ಉಪ್ಪು ಜಾಸ್ತಿಯಾಗಿದೆ ಅಂತ ಹೇಳಮ್ಮ.” ಬೆಕ್ಕು ಸತ್ತ ದಿನ ಇಬ್ಬರೂ ಪೇಚಿಗೆ ಸಿಕ್ಕಿಬಿದ್ದರು.

“ಇದನ್ನ ಬರೀರಿ ಅಬಿ,” ಎಂದು ಅವಳು ಕಣ್ಣೊರೆಸಿಕೊಂಡು ನಕ್ಕಳು. ಬರೆಯುತ್ತೇನೆ ಎಂದೆ.

ಅವಳ ಗಂಡನ ಕೆಲಸದ ಅವಧಿ ಮುಗಿದು ಅವರು ಇಸ್ತಾಂಬುಲಿಗೆ ವಾಪಸಾದರು. ಹೊರಡುವಾಗ ಅವಳು ನಮ್ಮ ಮನೆಗೆ ಬಂದು ಚಿತ್ರಾನ್ನ ತಿಂದು, ನನ್ನ ಹೆಂಡತಿಯನ್ನು ಅಪ್ಪಿಕೊಂಡು ಹೋದಳು. ಇವಳು ಊರಿಗೆ ಹೋಗಿ ಔಷಧಿ ಅಂಗಡಿ ತೆರೆಯುತ್ತಾಳೆ ಎಂದುಕೊಂಡೆ. ನಿಜ ಹೇಳಬೇಕೆಂದರೆ, ಹಾಗೆ ಅಂದುಕೊಳ್ಳುವುದು ನನಗೆ ಇಷ್ಟವಾಗಿತ್ತು.

ಅವಳು ಅಂಗಡಿ ತೆರೆಯಲಿಲ್ಲ. ಸೀರಿಯಲ್ ಬರೆಯುವ ಒಂದು ತಂಡದಲ್ಲಿ ಎಲ್ಲರಿಗಿಂತ ಕೆಳಗಿನ ಕೆಲಸಕ್ಕೆ ಸೇರಿಕೊಂಡಳು. ಟರ್ಕಿಯ ಸೀರಿಯಲ್ಲಿನ ಒಂದೊಂದು ಕಂತೂ ಒಂದು ಸಿನಿಮಾದಷ್ಟು ಉದ್ದ. ವಾರಕ್ಕೊಂದು ಬರೆದು ಮುಗಿಸಬೇಕು. ಅಲ್ಲಿ ಬಹಳ ಜನ ನಿಲ್ಲುವುದಿಲ್ಲವಂತೆ. ಇವಳು ನಿಂತಳು. ಒಂದು ದಿನ ಉಬಿಯಲ್ಲಿ ನನ್ನ ಕಂಪ್ಯೂಟರಿಗೆ ಹೊಸ ಸೀರಿಯಲ್ಲಿನ ಫೈಲು ಬಂತು. ಅವಳ ಜಾಗಕ್ಕೆ ಬಂದಿದ್ದ ಹುಡುಗಿ ಟರ್ಕಿ ಭಾಷೆಯಿಂದ ಇಂಗ್ಲಿಷಿಗೆ ಮಾಡಿದ್ದಳು, ನಾನು ಸಾಲುಗಳನ್ನು ಬಿಗಿಮಾಡಿ ಕಳಿಸಬೇಕಿತ್ತು. ಟೈಟಲ್ಲಿನಲ್ಲಿ ಚಿತ್ರಕಥೆಯ ಎದುರು ಮೂರು ಹೆಸರು. ಮೂರನೆಯದು ಅವಳದು.

ಪೆನ್ಸಿಲ್ ಹಿಡಿದ ಮೇಷ್ಟರಂತೆ ಕೂತೆ. ಇಲ್ಲಿ ಮಾತು ಹೆಚ್ಚಾಗಿದೆ ಎನ್ನಬೇಕು, ಇದು ನಾಟಕೀಯವಾಯಿತು ಎನ್ನಬೇಕು ಎಂಬ ಆಸೆ. ಒಂದು ದೃಶ್ಯದಲ್ಲಿ ತಾಯಿ ಮಗನ ಕೋಣೆಗೆ ಬಂದು, ಬೆಳಕು ಆರಿಸಿ, “ಕಿಟಕಿ ತೆರೆದಿರಲಿ,” ಎಂದಷ್ಟೇ ಹೇಳಿ ಹೋಗುತ್ತಾಳೆ. ಮಗ ರಾತ್ರಿ ಓಡಿಹೋಗಲಿದ್ದಾನೆಂದು ಅವಳಿಗೆ ಗೊತ್ತು. ಅದನ್ನು ಬಿಗಿಮಾಡಲು ಏನೂ ಉಳಿದಿರಲಿಲ್ಲ. ನಾನು ಅಲ್ಪವಿರಾಮವೊಂದನ್ನು ತೆಗೆದೆ. ಮತ್ತೆ ಹಾಕಿದೆ.

ಆ ಸೀರಿಯಲ್ಲು ಓಡಲಿಲ್ಲ. ನೋಡುವವರು ಸಾಲದೆ ಚಾನೆಲಿನವರು ನಡುವೆಯೇ ನಿಲ್ಲಿಸಿಬಿಟ್ಟರು. ಸುದ್ದಿ ಬಂದ ದಿನ ನಾನು ಆಫೀಸಿನಿಂದ ನೇರವಾಗಿ ಲಿಟಲ್ ಇಂಡಿಯಾಗೆ ಹೋದೆ. ತುಪ್ಪದ ಮಸಾಲೆ ದೋಸೆ ತಿಂದು, ಮನೆಗೆ ಮೈಸೂರು ಪಾಕ್, ಹೆಂಡತಿಗೆ ಮಲ್ಲಿಗೆ ತಂದೆ.

“ಏನ್ ವಿಶೇಷ? ಇನ್‌ಕ್ರಿಮೆಂಟ್ ಆಯ್ತಾ?” ಎಂದು ಹೆಂಡತಿ ಕೇಳಿದಳು.

“ಸುಮ್ನೆ ತಂದೆ.”

ಊಟ ಮಾಡುತ್ತಾ, “ನಮ್ಮ ಟರ್ಕಿಯವಳ ಸೀರಿಯಲ್ ನಿಲ್ಸಿಬಿಟ್ರಂತೆ ಪಾಪ,” ಎಂದೆ. ಹೆಂಡತಿ ಕೈಯಲ್ಲಿದ್ದ ಮೈಸೂರು ಪಾಕಿನ ತುಂಡನ್ನು ನೋಡಿದಳು, ನನ್ನನ್ನು ನೋಡಿದಳು, ತುಂಡನ್ನು ಡಬ್ಬಿಗೆ ವಾಪಸ್ ಇಟ್ಟಳು. ಆಮೇಲೆ ಎದ್ದು ಹೋಗಿ ಅವಳಿಗೆ ಸಮಾಧಾನದ ಮೆಸೇಜು ಕಳಿಸಿದಳು.

ನನ್ನ ಸಂಭ್ರಮ ಬಹಳ ದಿನ ಉಳಿಯಲಿಲ್ಲ. ಕೆಲಸ ಹೋದದ್ದರಿಂದ ಸಿಕ್ಕ ಬಿಡುವಿನಲ್ಲಿ ಅವಳು ಒಂದು ಸಿನಿಮಾ ಬರೆದಳು. ಕಪ್ಪು ಸಮುದ್ರದ ತೀರದ ಊರಿನಲ್ಲಿ ಹೇಜಲ್‌ನಟ್ ಒಣಗಿಸುವ ಅತ್ತಿಗೆ ನಾದಿನಿಯರ ಕಥೆ. ಯಾವ ನಿರ್ಮಾಪಕರೂ ಕೈಗೆತ್ತಿಕೊಳ್ಳಲಿಲ್ಲ. ಇಬ್ಬರು ಹೆಂಗಸರು ಕಾಯಿ ಒಣಗಿಸುವುದನ್ನು ಯಾರು ನೋಡುತ್ತಾರೆ ಎಂದರಂತೆ. ಇದನ್ನು ಅವಳು ನನಗೆ ಬರೆದು ತಿಳಿಸಿದಾಗ ನಾನೂ ಮನಸ್ಸಿನಲ್ಲಿ ಆ ನಿರ್ಮಾಪಕರ ಪಕ್ಕದಲ್ಲೇ ಕೂತಿದ್ದೆ. ಎರಡು ವರ್ಷವಾದ ಮೇಲೆ ಸುದ್ದಿ ಬಂತು. ಅವಳೇ ನಿರ್ಮಾಪಕಿಯಾಗಿದ್ದಳು. ಸಣ್ಣದೊಂದು ಕಂಪನಿ ಕಟ್ಟಿ, ಅಲ್ಲಿಷ್ಟು ಇಲ್ಲಿಷ್ಟು ಸಹಾಯ ಹಿಡಿದು, ಪರಿಚಯದ ನಿರ್ದೇಶಕನೊಬ್ಬನನ್ನು ಒಪ್ಪಿಸಿ ಸಿನಿಮಾ ಮುಗಿಸಿದ್ದಳು. ಅದು ಊರಿಂದೂರಿಗೆ ಹೋಗತೊಡಗಿತು. ಫೋನಿನಲ್ಲಿ ಅವಳ ಫೋಟೋಗಳು. ಹಿಂದೆ ಬೇರೆ ಬೇರೆ ದೇಶದ ಬ್ಯಾನರುಗಳು, ಮುಂದೆ ಪ್ರತಿ ಸಲವೂ ಒಂದೇ ಕಪ್ಪು ಕೋಟು ತೊಟ್ಟ ಅವಳು.

ನಾನು ತಕ್ಷಣ ಲೈಕ್ ಒತ್ತುತ್ತಿರಲಿಲ್ಲ. ಒಂದೆರಡು ದಿನ ಬಿಟ್ಟು, ಬಿಡುವಿಲ್ಲದ ಮನುಷ್ಯನಂತೆ ಒತ್ತುತ್ತಿದ್ದೆ. ಅವಳ ಸಂದರ್ಶನಗಳನ್ನು ಮಾತ್ರ ಬಂದ ದಿನವೇ ಓದುತ್ತಿದ್ದೆ. ಎಲ್ಲಿಂದ ಕಲಿತಿರಿ ಎಂದು ಎಲ್ಲರೂ ಕೇಳುತ್ತಿದ್ದರು. ಅಜ್ಜಿಯಿಂದ ಎಂದು ಒಮ್ಮೆ, ಹಿಂದೆ ಕೆಲಸ ಮಾಡಿದ್ದ ಔಷಧಿ ಅಂಗಡಿಯ ಗಿರಾಕಿಗಳಿಂದ ಎಂದು ಒಮ್ಮೆ. ಅಣ್ಣನೊಬ್ಬನಿದ್ದ ಎಂದು ಎಲ್ಲೂ ಇರಲಿಲ್ಲ. ಸಿನಿಮಾವನ್ನು ಬೈದ ವಿಮರ್ಶೆಗಳನ್ನೂ ಹುಡುಕುತ್ತಿದ್ದೆ. ‘ನಿಧಾನ’ ಎಂದು ಬರೆದಿದ್ದ ಒಬ್ಬ ಪುಣ್ಯಾತ್ಮನ ಬರಹವನ್ನು ಹಲವು ಸಲ ಓದಿದ್ದೇನೆ.

ಮಗಳು ಒಮ್ಮೆ ಹಿಂದಿನಿಂದ ಇಣುಕಿ ನೋಡಿ, “ಅಪ್ಪ, ಯು ಆರ್ ಸ್ಟಾಕಿಂಗ್ ಆಂಟಿ ಲಾ,” ಎಂದು ಇಲ್ಲಿನವರ ರಾಗದಲ್ಲೇ ಅಂದಳು.

ಆ ಸಿನಿಮಾ ಕೊನೆಗೆ ಸಿಂಗಾಪುರಕ್ಕೂ ಬಂತು, ಒಂದು ಚಿತ್ರೋತ್ಸವದಲ್ಲಿ. ಅವಳೂ ಬರುತ್ತಿದ್ದಳು. ನಮಗೆ ಮೂರು ಟಿಕೆಟು ಬುಕ್ ಮಾಡಿಸಿದ್ದಳು. ಮಗಳು ಪರೀಕ್ಷೆ ಇದೆ ಎಂದು ತಪ್ಪಿಸಿಕೊಂಡಳು. ನಾನೂ ಹೆಂಡತಿಯೂ ಹೋದೆವು.

ದಾರಿಯಲ್ಲಿ ನನ್ನ ತಲೆಯಲ್ಲಿ ಒಂದೇ ವಿಚಾರ. ನನ್ನ ಅತ್ತೆಯ ಕಥೆ ಇದರಲ್ಲಿ ಇದ್ದೇ ಇರುತ್ತದೆ. ಮಾತು ಬಿಟ್ಟ ಮನೆ, ನಡುವೆ ಬೆಕ್ಕು. ನನ್ನನ್ನು ಅವಳು ಎಲ್ಲೂ ಹೆಸರಿಸದಿರಲು ಅದೇ ಕಾರಣವಿರಬೇಕು. ಎಂಆರ್‌ಟಿ ರೈಲಿನಲ್ಲಿ ಕಂಬ ಹಿಡಿದು ನಿಂತು, ಆಮೇಲೆ ಅವಳಿಗೆ ಹೇಳಬೇಕಾದ ಮಾತನ್ನು ತಯಾರು ಮಾಡಿಕೊಂಡೆ. ಸಿಟ್ಟಿನಿಂದಲ್ಲ, ದೊಡ್ಡ ಮನಸ್ಸಿನಿಂದ ಕ್ಷಮಿಸುವವನ ಧಾಟಿಯಲ್ಲಿ.

ಸಿನಿಮಾ ಶುರುವಾಯಿತು. ಅತ್ತಿಗೆ ನಾದಿನಿಯರಿಗೆ ಮನಸ್ತಾಪವಿತ್ತು. ನಾನು ಮುಂದಕ್ಕೆ ಬಾಗಿದೆ. ಆಮೇಲೆ ಅಂಗಳದ ಗೋಡೆಯ ಮೇಲೆ ಒಂದು ಬೂದು ಬೆಕ್ಕು ಕಾಣಿಸಿತು. ಹೆಂಡತಿಯ ಕೈ ಗಟ್ಟಿಯಾಗಿ ಹಿಡಿದುಕೊಂಡೆ.

“ಏನಾಯ್ತು?” ಎಂದು ಅವಳು ಪಿಸುಗುಟ್ಟಿದಳು.

“ಬೆಕ್ಕು.”

ಬೆಕ್ಕು ಗೋಡೆಯ ಮೇಲೆ ನಡೆದು, ಆ ಕಡೆ ಹಾರಿ ಹೋಯಿತು. ಯಾರೂ ಅದರ ಜೊತೆ ಮಾತಾಡಲಿಲ್ಲ. ಮತ್ತೆ ಅದು ಬರಲೂ ಇಲ್ಲ. ಟರ್ಕಿಯಲ್ಲಿ ಕ್ಯಾಮೆರಾ ಎಲ್ಲಿಟ್ಟರೂ ಒಂದು ಬೆಕ್ಕು ಬಂದೇ ಬರುತ್ತದೆಂದು ಅವಳು ಹಿಂದೊಮ್ಮೆ ಹೇಳಿದ್ದು ಆಗ ನೆನಪಾಯಿತು.

ಕೊನೆಯವರೆಗೂ ಹುಡುಕಿದೆ. ನನ್ನ ಅತ್ತೆ ಇರಲಿಲ್ಲ, ನನ್ನ ಮಾವ ಇರಲಿಲ್ಲ, ನಾನು ಹೇಳಿದ ಒಂದು ಮಾತೂ ಇರಲಿಲ್ಲ. ಎಲ್ಲವೂ ಅವಳದೇ. ಸಿನಿಮಾ ಚೆನ್ನಾಗಿತ್ತು. ಅವಳು ನನ್ನಿಂದ ಏನನ್ನಾದರೂ ಕದ್ದಿದ್ದರೆ ನನಗೆ ಅಷ್ಟು ನೋವಾಗುತ್ತಿರಲಿಲ್ಲ. ಕದಿಯುವಂಥದ್ದು ನನ್ನ ಹತ್ತಿರ ಅವಳಿಗೆ ಕಂಡಿರಲಿಲ್ಲ.

ಪ್ರದರ್ಶನವಾದ ಮೇಲೆ ಅವಳು ವೇದಿಕೆಗೆ ಬಂದಳು. ಜನ ಪ್ರಶ್ನೆ ಕೇಳಿದರು. ಯಾರೋ ಕೇಳಿದ್ದು ಅದೇ, ಬರೆಯುವುದನ್ನು ಎಲ್ಲಿ ಕಲಿತಿರಿ ಎಂದು. ಅವಳು ಸಭೆಯತ್ತ ನೋಡಿ ನಕ್ಕಳು.

“ಇಲ್ಲೇ. ಉಬಿಯಲ್ಲಿ.”

ಜನ ನಕ್ಕರು. ಉಬಿಯಲ್ಲಿ ಯಾರಾದರೂ ಕಾರು ರಿಪೇರಿ ಕಲಿಯಬಹುದು. ನಾನು ನೆಟ್ಟಗೆ ಕೂತೆ. ಹೆಂಡತಿ ನನ್ನ ಕಡೆ ತಿರುಗಿದಳು.

“ಅಲ್ಲಿ ಸಬ್‌ಟೈಟಲ್ ಮಾಡ್ತಿದ್ದೆ,” ಎಂದು ಅವಳು ಮುಂದುವರಿಸಿದಳು. “ಯಾರು ಎಷ್ಟೇ ಮಾತಾಡಿದ್ರೂ ಎರಡು ಸಾಲಿಗೆ ತರಬೇಕು. ದಿನಾ ಅದೇ ಕೆಲಸ. ಹೆಚ್ಚಿನ ಮಾತೆಲ್ಲ ಬೇಡದ್ದು ಅಂತ ನಿಧಾನಕ್ಕೆ ಗೊತ್ತಾಯ್ತು. ಆ ಕೆಲಸವೇ ನನ್ನ ಶಾಲೆ.”

ಮುಂದಿನ ಪ್ರಶ್ನೆಗೆ ಹೋದಳು.

ಆ ಕೆಲಸವೇ. ಅವಳು ಮಾಡಿದ್ದು ಎರಡು ವರ್ಷ. ನಾನು ಅವಳಿಗಿಂತ ಮುಂಚೆಯಿಂದ ಮಾಡುತ್ತಿದ್ದೆ, ಅವಳು ಹೋದ ಮೇಲೂ ಮಾಡುತ್ತಿದ್ದೆ. ಅದೇ ಕುರ್ಚಿ, ಅದೇ ಎರಡು ಸಾಲು. ಅವಳಿಗೆ ಶಾಲೆಯಾದದ್ದು ನನಗೆ ಬರೀ ಆಫೀಸಾಗಿತ್ತು. ಗುಂಡಿ ಹೊಲಿಯುವ ಹೆಂಗಸಿನ ಬಗ್ಗೆ ನಾನು ಕೇಳಿದ ಪ್ರಶ್ನೆ ಅವಳಿಗೆ ಮರೆತೇ ಹೋಗಿದೆಯೇ ಎಂದು ಯೋಚಿಸುತ್ತಾ ಕೂತೆ. ಸುತ್ತಲೂ ಚಪ್ಪಾಳೆ. ಹೆಂಡತಿ ಎಲ್ಲರಿಗಿಂತ ಜೋರಾಗಿ ತಟ್ಟುತ್ತಿದ್ದಳು.

ಮರುದಿನ ಮಧ್ಯಾಹ್ನ ಅವಳು ನಮ್ಮ ಮನೆಗೆ ಊಟಕ್ಕೆ ಬಂದಳು. ಸ್ವಲ್ಪ ತೂಕ ಇಳಿದಿದ್ದಳು, ಕೂದಲು ಅಲ್ಲಲ್ಲಿ ಬೆಳ್ಳಗಾಗಿತ್ತು. “ನಿಮ್ಮ ಸಿನಿಮಾ ಎಲ್ಲಿಗೆ ಬಂತು ಅಬಿ?” ಎಂದು ಕೇಳಿದಳು.

“ಸ್ವಲ್ಪ ಬದಲಾಯಿಸ್ತಾ ಇದ್ದೀನಿ,” ಎಂದೆ.

“ಮಧ್ಯಂತರದಲ್ಲೇ ಇದೆ,” ಎಂದು ಹೆಂಡತಿ ಹುಳಿ ಬಡಿಸುತ್ತಾ ಹೇಳಿದಳು.

ಅವಳು ನಗಲಿಲ್ಲ. ತನ್ನ ಮುಂದಿನ ಸಿನಿಮಾದ ಕಥೆ ಹೇಳಿದಳು. ಟರ್ಕಿಯ ನಾವಿಕನೊಬ್ಬ ತನ್ನ ಹಡಗು ಹೊರಡದೆ ಸಿಂಗಾಪುರದಲ್ಲಿ ಸಿಕ್ಕಿಕೊಳ್ಳುತ್ತಾನೆ. ಕನ್ನಡಿಗರ ಒಂದು ಮನೆಯಲ್ಲಿ ಕೋಣೆ ಬಾಡಿಗೆಗೆ ಹಿಡಿಯುತ್ತಾನೆ. ಒಂದು ದಿನ ಮನೆಯೊಡತಿ ಅವನಿಗೆ ಕೋಣೆ ಖಾಲಿ ಮಾಡಲು ಹೇಳಬೇಕು. ಹೇಳಲು ಅವಳಿಗೆ ಮನಸ್ಸಿಲ್ಲ.

“ಆ ಹೆಂಗಸು ಗಾಬರಿಯಲ್ಲಿ ತನ್ನ ಭಾಷೇಲೇ ಮಾತಾಡ್ತಾಳೆ. ನೀವು ಬರೆದುಕೊಡ್ತೀರಾ?”

ಪುರಸೊತ್ತಿಲ್ಲ ಎನ್ನಬೇಕೆಂದು ಬಾಯಿಯವರೆಗೆ ಬಂದಿತ್ತು. “ಬರೀತಾನೆ,” ಎಂದಳು ಹೆಂಡತಿ.

ಬರೆದೆ. ಮೂರು ಪುಟ ಬರೆದೆ. ಎಷ್ಟೋ ವರ್ಷದ ಮೇಲೆ ಕನ್ನಡದಲ್ಲಿ ಒಬ್ಬ ಹೆಂಗಸು ನನ್ನ ಕೈಯಲ್ಲಿ ಮಾತಾಡಿದಳು. ತನ್ನ ಗಂಡನ ಬಗ್ಗೆ, ಬಾಡಿಗೆಗೆ ಇನ್ಯಾರೋ ಬರುತ್ತಿರುವ ಬಗ್ಗೆ, ತವರಿನ ಬಗ್ಗೆ, ತನಗೂ ಈ ಊರಲ್ಲಿ ಯಾರೂ ಇಲ್ಲದ ಬಗ್ಗೆ. ಪಕ್ಕದಲ್ಲಿ ಇಂಗ್ಲಿಷ್ ಅನುವಾದ ಮಾಡಿ ಕಳಿಸಿದೆ. ನಾನು ಎಂಥ ಬರಹಗಾರನೆಂದು ಇನ್ನು ಅವಳಿಗೆ ತಿಳಿಯುತ್ತದೆ ಎಂದುಕೊಂಡೆ.

ಪುಟಗಳು ವಾಪಸ್ ಬಂದವು. ಎಲ್ಲವನ್ನೂ ಹೊಡೆದುಹಾಕಿ ನಡುವಿನಿಂದ ಒಂದು ಚೂರು ಮಾತ್ರ ಉಳಿಸಿದ್ದಳು. ಮನೆಯೊಡತಿ ಮಡಚಿದ ಬಟ್ಟೆ ತಂದು ಅವನ ಹಾಸಿಗೆಯ ಮೇಲಿಟ್ಟು ಹೇಳುತ್ತಾಳೆ: “ನಿಮ್ ಬಟ್ಟೆ ಒಣಗಿದೆ. ಮಳೆ ಬರೋಕ್ಮುಂಚೆ ಹೊರಡಿ.”

ಹಾಳೆಯನ್ನು ಹೆಂಡತಿಯ ಮುಂದೆ ಎಸೆದೆ. “ನೋಡು ಏನ್ ಮಾಡಿದಾಳೆ. ಕನ್ನಡ ಒಂದಕ್ಷರ ಬರಲ್ಲ.”

ಹೆಂಡತಿ ಮೊದಲು ಮೂರು ಪುಟ ಓದಿದಳು, ಆಮೇಲೆ ಉಳಿದದ್ದನ್ನು ಓದಿದಳು. “ಇದು ಚೆನ್ನಾಗಿದೆ,” ಎಂದಳು.

“ಯಾವುದು?”

“ನಿನ್ನ ಸಾಲೇ ಅಲ್ವಾ ಅದು.”

ಹೌದು, ಸಾಲು ನನ್ನದೇ. ಬರೆಯುವಾಗ ಅದನ್ನು ನಾನು ಗಮನಿಸಿರಲೂ ಇಲ್ಲ. ಅಷ್ಟು ಮಾತಿನ ನಡುವೆ ಅದನ್ನು ಕಂಡವಳು ಅವಳು.

ಶೂಟಿಂಗು ನಡೆದದ್ದು ಸರಕಾರ ಕಟ್ಟಿಸಿದ ಫ್ಲ್ಯಾಟುಗಳ ಒಂದು ಎಚ್‌ಡಿಬಿ ಬ್ಲಾಕಿನಲ್ಲಿ. ಕನ್ನಡ ಸಂಘದ ನಾಟಕಗಳಲ್ಲಿ ಪಾತ್ರ ಮಾಡುತ್ತಿದ್ದ ಒಬ್ಬ ಆಂಟಿ ಮನೆಯೊಡತಿ. ಉಚ್ಚಾರಣೆ ನೋಡಿಕೊಳ್ಳಲು ನನ್ನನ್ನು ಕರೆದಿದ್ದರು. ನಿರ್ಮಾಪಕಿಯೆಂದರೆ ಕುರ್ಚಿಯ ಮೇಲೆ ಕೂತಿರುತ್ತಾಳೆ, ಸುತ್ತ ಜನ ನಿಂತಿರುತ್ತಾರೆ ಎಂದು ನನ್ನ ಕಲ್ಪನೆ. ನಾನು ಹೋದಾಗ ಅವಳು ಕಟ್ಟಡದ ಕೆಳಗೆ ಗೋಡೆಯಿಲ್ಲದೆ ತೆರೆದಿರುವ ವಾಯ್ಡ್ ಡೆಕ್ಕಿನಲ್ಲಿ ಊಟದ ಡಬ್ಬಿಗಳನ್ನು ಎಣಿಸುತ್ತಿದ್ದಳು, ಕಿವಿಗೆ ಫೋನು. ಮಳೆ ಶುರುವಾಗಿತ್ತು. ಲೈಟುಗಳನ್ನು ತಂದ ವ್ಯಾನು ಅಡ್ಡ ನಿಂತಿದೆಯೆಂದು ಮೇಲಿನ ಮನೆಯ ಅಜ್ಜ ದೂರು ಹೇಳಲು ಬಂದಿದ್ದ. ಅವಳು ಫೋನಿಟ್ಟು ಅವನನ್ನು ಕಲ್ಲಿನ ಬೆಂಚಿನ ಮೇಲೆ ಕೂರಿಸಿ, ಒಂದು ಊಟದ ಡಬ್ಬಿ ಕೊಟ್ಟು, ವ್ಯಾನು ಸರಿಸಿದಳು. ನಾವಿಕನ ಪಾತ್ರದವನಿಗೆ ಹೊಟ್ಟೆ ಕೆಟ್ಟಿತ್ತು; ಅದಕ್ಕೆ ಮಾತ್ರೆಯನ್ನು ಅವಳೇ ಬ್ಯಾಗಿನಿಂದ ತೆಗೆದುಕೊಟ್ಟಳು. ಮಳೆಯಿಂದ ಒಂದು ದೃಶ್ಯ ಕೈಬಿಡಬೇಕಾಯಿತು. ನಿರ್ದೇಶಕ ಸಿಡುಕುತ್ತಿದ್ದ. ಅವಳು ಮೆಟ್ಟಿಲ ಮೇಲೆ ಕೂತು, ಮೊಣಕಾಲ ಮೇಲೆ ಹಾಳೆಯಿಟ್ಟುಕೊಂಡು, ಆ ದೃಶ್ಯ ಇಲ್ಲದೆಯೂ ಕಥೆ ನಿಲ್ಲುವಂತೆ ಮುಂದಿನದನ್ನು ತಿದ್ದಿದಳು. ಸುತ್ತಲೂ ಜನ ಓಡಾಡುತ್ತಿದ್ದರು. ಅವಳು ತಲೆಯೆತ್ತಲಿಲ್ಲ.

ಆ ಆಂಟಿ ಬಟ್ಟೆ ಇಟ್ಟು ಆ ಮಾತು ಹೇಳಿದರು. ಎರಡನೆಯ ಸಲ ಹೇಳುವಾಗ ‘ಹೊರಡಿ’ ಎನ್ನುವ ಮುಂಚೆ ಒಂದು ಕ್ಷಣ ನಿಂತರು. ನಮ್ಮಿಬ್ಬರನ್ನು ಬಿಟ್ಟು ಕೋಣೆಯಲ್ಲಿದ್ದ ಯಾರಿಗೂ ಕನ್ನಡ ಬರುತ್ತಿರಲಿಲ್ಲ. ಆದರೂ ಯಾರೂ ಅಲುಗಲಿಲ್ಲ. ಅವಳು ಬಾಗಿಲ ಬಳಿಯಿಂದ ನನ್ನ ಕಡೆ ನೋಡಿ, ಸರಿಯಾ ಎಂದು ಹುಬ್ಬಿನಲ್ಲೇ ಕೇಳಿದಳು. ನಾನು ತಲೆಯಾಡಿಸಿದೆ.

ಮನೆಗೆ ಬಂದಾಗ ಹೆಂಡತಿ, “ಹೇಗಾಯ್ತು?” ಎಂದಳು.

“ಹೊಟ್ಟೆ ಉರೀತು.”

“ಇನ್ನೂನಾ?”

“ಇದು ಬೇರೆ ಥರ.”

ಬೇರೆ ಥರ ಹೇಗೆ ಎಂದು ಅವಳು ಕೇಳಲಿಲ್ಲ. ಕೇಳಿದ್ದರೆ, ಅಲ್ಲಿಯವರೆಗೆ ನನಗೆ ಆಸೆಯಿದ್ದದ್ದು ಅವಳ ಕಪ್ಪು ಕೋಟಿನ ಮೇಲೆ, ಬ್ಯಾನರುಗಳ ಮೇಲೆ ಎನ್ನುತ್ತಿದ್ದೆ. ಅಂದು ನನಗೆ ಬೇಕೆನಿಸಿದ್ದು ಮೆಟ್ಟಿಲ ಮೇಲಿನ ಆ ಜಾಗ, ಮೊಣಕಾಲ ಮೇಲಿನ ಆ ಹಾಳೆ. ಕೋಟಿನ ಜೊತೆ ಬರುವ ಹೆಸರನ್ನು ಯಾರೋ ಕೊಡಬೇಕಿತ್ತು. ಮೆಟ್ಟಿಲ ಮೇಲೆ ಕೂರಲು ಯಾರ ಅಪ್ಪಣೆಯೂ ಬೇಕಿರಲಿಲ್ಲ, ಹಾಗಾಗಿಯೇ ಅದು ಹೆಚ್ಚು ಚುಚ್ಚಿತು.

ಹಳೆಯ ಚಿತ್ರಕಥೆಯನ್ನು ಪಕ್ಕಕ್ಕಿಟ್ಟು, ಚಿಕ್ಕದೊಂದನ್ನು ಹೊಸದಾಗಿ ಬರೆಯತೊಡಗಿದೆ. ನಮ್ಮ ಬ್ಲಾಕಿನಲ್ಲಿ ನಡೆಯುವ ಕಥೆ, ಪಾತ್ರಗಳು ಮೂರೇ. ಮುಗಿಸಲು ಒಂದು ವರ್ಷ ಹಿಡಿಯಿತು. ಮುಗಿಯಿತು ಎನ್ನುವುದೇ ನನಗೆ ಹೊಸದು. ಅವಳಿಗೆ ಕಳಿಸಿದೆ. ಅವಳು ನಿರ್ಮಾಪಕಿ, ಇಷ್ಟವಾದರೆ ಮಾಡಬಹುದು ಎಂಬ ಲೆಕ್ಕಾಚಾರ ನನಗಿತ್ತು.

ಫೋನ್ ಮಾಡಿದಳು. “ಚೆನ್ನಾಗಿದೆ ಅಬಿ. ಆದ್ರೆ ನಾನು ಮಾಡಲ್ಲ.”

“ಯಾಕೆ?”

“ನನಗೆ ಈ ಜನ ಗೊತ್ತಿಲ್ಲ. ನಾನು ಮಾಡಿದ್ರೆ ಕೆಡಿಸ್ತೀನಿ. ನೀವೇ ಮಾಡಿ.”

“ನಾನೆಲ್ಲಿ ಮಾಡಲಿ? ಯಾರು ಕೊಡ್ತಾರೆ?”

ಆ ಕಡೆಯಿಂದ ಹಡಗಿನ ಸೈರನ್ನು ಕೇಳಿಸಿತು. ದೋಣಿಕಟ್ಟೆಯಲ್ಲಿ ನಿಂತಿದ್ದಳೋ ಏನೋ. “ಗೊತ್ತಿಲ್ಲ,” ಎಂದಳು. “ನನಗೂ ಯಾರೂ ಕೊಟ್ಟಿರಲಿಲ್ಲ.”

ನನಗೆ ಸಿಟ್ಟು ಬಂತು. ಅವಳ ಊರು ಬೇರೆ, ಅಲ್ಲಿನ ಜನ ಬೇರೆ, ಅವಳಿಗೆ ಅದೃಷ್ಟ ಕೂಡಿಬಂತು ಎಂದು ಹೆಂಡತಿಯ ಮುಂದೆ ಸಾಕಷ್ಟು ಹೇಳಿದೆ. ಹೆಂಡತಿ ಕೇಳಿಸಿಕೊಂಡು ಅಡುಗೆಮನೆಗೆ ಹೋದಳು.

ಅವಳ ಎರಡನೆಯ ಸಿನಿಮಾ ಕಳೆದ ವರ್ಷ ಬಂತು. ಕೊನೆಯ ಪಟ್ಟಿಯಲ್ಲಿ ಕನ್ನಡ ಸಂಭಾಷಣೆ ಎಂದು ನನ್ನ ಹೆಸರು ಬೇಗ ಓಡಿಹೋಗುತ್ತದೆ. ಮಗಳು ಅದನ್ನು ನಿಲ್ಲಿಸಿ ಫೋಟೋ ತೆಗೆದಿದ್ದಾಳೆ. ಈಗ ನಮ್ಮ ಟರ್ಕಿಯವಳು ಮೂರನೆಯ ಸಿನಿಮಾದ ಕೆಲಸದಲ್ಲಿದ್ದಾಳೆ. ನಾನು ಶನಿವಾರಗಳಂದು ಆ ಆಂಟಿಯ ಮನೆಯಲ್ಲಿ ಮೂರು ಜನರನ್ನು ಕೂರಿಸಿ ನನ್ನ ಚಿಕ್ಕ ಸಿನಿಮಾದ ರಿಹರ್ಸಲ್ ಮಾಡಿಸುತ್ತೇನೆ. ಕ್ಯಾಮೆರಾ ಒಬ್ಬರ ಹತ್ತಿರ ಇದೆ, ಮೈಕ್ ಇನ್ನೂ ಸಿಕ್ಕಿಲ್ಲ. ವಾಯ್ಡ್ ಡೆಕ್ಕಿನಲ್ಲಿ ಶೂಟ್ ಮಾಡಲು ಅನುಮತಿ ಕೇಳಿದ್ದೇನೆ, ಉತ್ತರ ಬಂದಿಲ್ಲ. ನಡುನಡುವೆ ಫೋನ್ ತೆಗೆದು ಅವಳು ಯಾವ ಊರಿನಲ್ಲಿದ್ದಾಳೆಂದು ನೋಡುತ್ತೇನೆ. ನೋಡಿದಾಗಲೆಲ್ಲ ಇನ್ನೂ ಉರಿಯುತ್ತದೆ. “ಅಂಕಲ್, ಮುಂದಿನ ಸೀನ್ ಯಾವುದು?” ಎಂದು ಯಾರಾದರೂ ಕೇಳುತ್ತಾರೆ, ಫೋನ್ ಜೇಬಿಗೆ ಹಾಕುತ್ತೇನೆ.